ಮೂರನೇ ಸಲ ಕರೆದವರು

ಹೊಸ ಟರ್ಪಾಲಿಗೆ ಅದರದ್ದೇ ಒಂದು ವಾಸನೆ. ಸ್ವಲ್ಪ ಸೀಮೆಎಣ್ಣೆ, ಸ್ವಲ್ಪ ರಬ್ಬರ್ ಚಪ್ಪಲಿ, ಮತ್ತೆ ಹೆಸರು ಗೊತ್ತಿಲ್ಲದ ಇನ್ನೇನೋ. ಈ ವರ್ಷ ಮಳೆ ಹಿಡಿಯುವ ಮೊದಲು, ದೊಡ್ಡಮ್ಮನ ಸೌದೆ ಕೊಟ್ಟಿಗೆಗೆ ಹೊದೆಸಲಿಕ್ಕೆಂದು ಸುಳ್ಯದ ಒಂದು ಹಾರ್ಡ್‌ವೇರ್ ಅಂಗಡಿಗೆ ಹೋಗಿದ್ದೆ. ಅಂಗಡಿಯವರು ನೀಲಿ ಸುರುಳಿಯನ್ನು ನೆಲದ ಮೇಲೆ ಉರುಳಿಸಿದ್ದೇ ತಡ, ಆ ವಾಸನೆ ಭಗ್ಗನೆ ಎದ್ದಿತು. ನನಗೆ ಬೆನ್ನಲ್ಲಿ ಸಣ್ಣಗೆ ಚಳಿ ಹುಟ್ಟಿತು.

"ಎಂತ ಮೇಡಂ, ಬಣ್ಣ ಆಗುದಿಲ್ವಾ? ಹಸಿರು ಉಂಟು," ಎಂದರು ಅವರು.

"ಬೇಡ, ಇದೇ ಆಗ್ತದೆ. ಕತ್ತರಿಸಿ," ಎಂದೆ. ಟರ್ಪಾಲು ಮೂಸಿ ಹೆದರುವ ಗಿರಾಕಿಯನ್ನು ಅವರು ಅದುವರೆಗೆ ನೋಡಿರಲಿಕ್ಕಿಲ್ಲ. ಕಾರಣ ಹೇಳಲು ಹೊರಟರೆ ಅಂಗಡಿ ಮುಚ್ಚುವ ಹೊತ್ತಾದೀತು ಎಂದು ದುಡ್ಡು ಎಣಿಸಿ ಕೊಟ್ಟೆ.

ಕೆಲವು ವರ್ಷಗಳ ಹಿಂದೆ, ಒಂದಿಡೀ ಮಳೆಗಾಲ, ನಾನು ಇದೇ ವಾಸನೆಯೊಳಗೆ ಕೂತು ಜನರನ್ನು ಹೆದರಿಸುವ ಕೆಲಸ ಮಾಡಿದ್ದೆ. ಕಡಬ ಪೇಟೆಯಲ್ಲಿ ನಸೀಮಾಳ ಮಾಮನ ಹಾರ್ಡ್‌ವೇರ್ ಅಂಗಡಿ. ಕೆಳಗೆ ಮೊಳೆ, ಪೈಪು, ಹಗ್ಗ. ಮಾಳಿಗೆಯಲ್ಲಿ ಮಳೆಗಾಲದ ವ್ಯಾಪಾರಕ್ಕೆಂದು ತರಿಸಿದ ಟರ್ಪಾಲಿನ ಸುರುಳಿಗಳು, ಅವುಗಳ ಸಂದಿಯಲ್ಲಿ ಎರಡು ಹಳೆ ಕಂಪ್ಯೂಟರು, ಒಂದು ಟೇಬಲ್ ಫ್ಯಾನು, ಮತ್ತೆ ನಾವಿಬ್ಬರು. ನಸೀಮಾ ನನ್ನ ಜೊತೆ ಡಿಪ್ಲೊಮಾ ಓದಿದವಳು, ಬೆಳಗ್ಗೆ ಕೆಳಗಿನ ಅಂಗಡಿಯಲ್ಲಿ ಬಿಲ್ಲು ಬರೆಯುತ್ತಿದ್ದಳು. ನಾನು ಬೆಳಗ್ಗೆ ಒಂದು ಸೆಂಟರಿನಲ್ಲಿ ಮಕ್ಕಳಿಗೆ ಕಂಪ್ಯೂಟರ್ ಪಾಠ ಮಾಡಿ ಊಟದ ನಂತರ ಅಲ್ಲಿಗೆ ಹೋಗುತ್ತಿದ್ದೆ. ಮಳೆ ಜೋರಾದಷ್ಟೂ ಟರ್ಪಾಲು ಖರ್ಚಾಗುತ್ತಿತ್ತು, ಖರ್ಚಾದಷ್ಟೂ ನಮ್ಮ ಕೋಣೆ ದೊಡ್ಡದಾಗುತ್ತಿತ್ತು. ಜೂನ್ ಮೊದಲಿಗೆ ಮೊಣಕಾಲು ಮಡಚಿ ಕೂರುತ್ತಿದ್ದವರು ಆಟಿ ತಿಂಗಳು, ಅಂದರೆ ಆಷಾಢ, ಬರುವಾಗ ಕಾಲು ಚಾಚುವಷ್ಟು ಶ್ರೀಮಂತರಾಗಿದ್ದೆವು.

ಮಾಡುತ್ತಿದ್ದದ್ದು ಒಂದು ವಿಡಿಯೋ ಗೇಮು, ಹಾರರ್ ಗೇಮು. ಹಳೆ ಕಾಲದಲ್ಲಿ ಟಿವಿಗೆ ಸಿಕ್ಕಿಸಿ ಆಡುತ್ತಿದ್ದ ಆಟಗಳ ಥರದ್ದು. ಮನುಷ್ಯರ ಮುಖಗಳೆಲ್ಲ ಮೂಲೆ ಮೂಲೆಯಾಗಿ ಕೊಡಲಿಯಿಂದ ಕೆತ್ತಿದ ಹಾಗೆ, ಹತ್ತಿರ ಹೋದರೆ ಗೋಡೆಗಳು ಅಲ್ಲಾಡುತ್ತವೆ, ನಾಲ್ಕು ಹೆಜ್ಜೆ ಆಚೆಗೆ ಬರೀ ಮಂಜು. ಹೊಸ ಕಂಪ್ಯೂಟರಿನಲ್ಲಿ ಬೇಕೆಂದೇ ಹಳೆಯದರ ಬಡತನ ತರುವುದು ಈಗ ಲೋಕದಲ್ಲೆಲ್ಲ ಒಂದು ಶೋಕಿ. ಒಬ್ಬರೋ ಇಬ್ಬರೋ ಮನೆಯಲ್ಲೇ ಕೂತು ಮಾಡುವ ಇಂಥ ಗೇಮುಗಳಿಗೆ ಅಭಿಮಾನಿಗಳು ಬೇಕಾದಷ್ಟಿದ್ದಾರೆ. ನಮಗೇನೋ ಶೋಕಿಯ ಪ್ರಶ್ನೆಯೇ ಬರಲಿಲ್ಲ. ನಮ್ಮ ಕಂಪ್ಯೂಟರುಗಳಿಗೆ ಅದಕ್ಕಿಂತ ಚಂದದ್ದನ್ನು ಎಳೆಯುವ ತ್ರಾಣವೇ ಇರಲಿಲ್ಲ. ಚಿತ್ರ ಮತ್ತು ಶಬ್ದ ನನ್ನ ಕೆಲಸ, ಕಂಪ್ಯೂಟರಿನ ಕೋಡ್ ಬರೆಯುವುದು ಅವಳದ್ದು.

ಕದ್ದ ಮಾಲಿನ ವಿಷಯದಲ್ಲಿ ನಾವು ಸತ್ಯಹರಿಶ್ಚಂದ್ರರೇನೂ ಆಗಿರಲಿಲ್ಲ. ಶಾಲೆಗೆ ಹೋಗುವಾಗ ಪುತ್ತೂರಿನ ಬಸ್‌ಸ್ಟ್ಯಾಂಡಿನ ಹತ್ತಿರ ಒಂದು ಸಿಡಿ ಅಂಗಡಿಯಿತ್ತು. ದುಡ್ಡು ಕೊಡದವರು ಆಡದಂತೆ ಹಾಕಿದ ಬೀಗ ಒಡೆದ ಗೇಮುಗಳು, ಅಂದರೆ ಕ್ರ್ಯಾಕ್ ಮಾಡಿದವು, ಅಲ್ಲಿ ಮಾರ್ಕರ್ ಪೆನ್ನಿನಲ್ಲಿ ಹೆಸರು ಗೀಚಿಸಿಕೊಂಡು ಸಿಗುತ್ತಿದ್ದವು. ಅವುಗಳ ಜೊತೆ 'ಹಾಕುವ ಮೊದಲು ಇದನ್ನು ಓದಿ' ಎಂದು ಕಳ್ಳರು ಬರೆದ ಒಂದು ಚೀಟಿ ಬರುತ್ತಿತ್ತು. ತಾನು ಇಂಗ್ಲಿಷ್ ಕಲಿತದ್ದೇ ಆ ಚೀಟಿಗಳಿಂದ ಎಂದು ನಸೀಮಾ ನಾಚಿಕೆಯಿಲ್ಲದೆ ಹೇಳುತ್ತಿದ್ದಳು. ಹಾಗಿದ್ದವಳು ತನ್ನ ಸ್ವಂತ ಗೇಮು ತಯಾರಾಗುವಾಗ ಬೀಗದ ಬಗ್ಗೆಯೇ ಹೆಚ್ಚು ತಲೆ ಕೆಡಿಸಿಕೊಂಡಳು.

ಗೇಮಿನ ಹೆಸರು 'ಓ'. ಕತೆ ಇಷ್ಟೆ. ಒಂದು ಹುಡುಗಿ ಮಂಜಿನಲ್ಲಿ ದಾರಿ ತಪ್ಪಿದ್ದಾಳೆ. ಯಾರೋ ಅವಳ ಹೆಸರು ಹಿಡಿದು ಕರೆಯುತ್ತಾರೆ. ನಮ್ಮ ಕಡೆ ಮಕ್ಕಳಿಗೆ ಮಾತು ಬರುವಾಗಲೇ ಹೇಳಿಕೊಡುವ ಒಂದು ಕ್ರಮವಿದೆ: ಕತ್ತಲಾದ ಮೇಲೆ ಯಾರಾದರೂ ಕರೆದರೆ ಮೊದಲನೇ ಸಲಕ್ಕೆ ಓಗೊಡಬಾರದು. ಎರಡನೇ ಸಲಕ್ಕೂ ಕೊಡಬಾರದು. ಕುಲೆ, ಅಂದರೆ ಸತ್ತವರ ಪ್ರೇತ, ಮೂರನೇ ಸಲ ಕರೆಯುವುದಿಲ್ಲ. ಮೂರನೆಯದೂ ಬಂತೆಂದರೆ ಕರೆದವರು ಮನುಷ್ಯರೇ, ಓ ಎನ್ನಬಹುದು. ನಮ್ಮ ಗೇಮಿನಲ್ಲೂ ಅದೇ ನಿಯಮ, ಶುರುವಿನಲ್ಲೇ ಅದನ್ನು ಇಂಗ್ಲಿಷಿನಲ್ಲೂ ಬರೆದಿದ್ದೆವು. ಮೊದಲೇ ಓ ಎಂದರೆ ಆಟ ಮುಗಿಯಿತು. ಕಾದವಳಿಗೆ ಮೂರನೇ ಕರೆ ಬರುತ್ತದೆ, ಮಂಜಿನಲ್ಲಿ ಒಂದು ಬಾಗಿಲು ತೆರೆಯುತ್ತದೆ, ಅವಳು ಮನೆ ಸೇರುತ್ತಾಳೆ.

ಕರೆಯುವ ಸ್ವರ ಯಾರದ್ದು ಎಂಬ ಬಗ್ಗೆ ನಮಗೆ ಸಂಶಯವೇ ಇರಲಿಲ್ಲ. ಕಡಬದ ಪಕ್ಕದ ಕೋಡಿಂಬಾಳದ ನನ್ನ ದೊಡ್ಡಮ್ಮ ಜಾನಕಿ ಅಂಗನವಾಡಿಯಲ್ಲಿ ಸಹಾಯಕಿ. ಬೆಳಗ್ಗೆ ಕೊಡೆ ಹಿಡಿದು ಹೊರಟು, ರಸ್ತೆಯಲ್ಲೇ ನಿಂತು, ದಿಬ್ಬದ ಮೇಲಿನ ಒಂದೊಂದು ಮನೆಯ ಮಗುವನ್ನು ಹೆಸರು ಹಿಡಿದು ಕರೆಯುವುದು ಅವರ ಕೆಲಸದ ಶುರು. ಹೆಸರಿನ ಕೊನೆಯ ಅಕ್ಷರವನ್ನು ಎಳೆದು, ಮೇಲಕ್ಕೆ ಎತ್ತಿ, ಅಲ್ಲೇ ಬಿಡುತ್ತಿದ್ದರು. ಒಂದೇ ಸಲ ಕರೆದರೆ ಸಾಕು, ಅರ್ಧ ದೋಸೆ ಬಾಯಲ್ಲಿಟ್ಟುಕೊಂಡೇ ಮಕ್ಕಳು ಮೆಟ್ಟಿಲಿಳಿದು ಓಡಿ ಬರುತ್ತಿದ್ದವು. ಕೊನೆಗೆ ಒಂದು ಸಣ್ಣ ದಂಡಿನ ಜೊತೆ ಅವರು ಅಂಗನವಾಡಿ ಸೇರುತ್ತಿದ್ದರು.

ರೆಕಾರ್ಡಿಂಗಿಗೆ ಒಪ್ಪಿದವರು ಮೈಕಿನ ಎದುರು ನಿಂತು ಮುಜುಗರಪಟ್ಟುಕೊಂಡರು. "ಯಾರನ್ನು ಕರೆಯುದು?"

"ಯಾರನ್ನಾದ್ರೂ ಕರೀರಿ ದೊಡ್ಡಮ್ಮ. ಗೇಮಿನಲ್ಲಿ ಒಂದು ಹುಡುಗಿ ಇರ್ತಾಳೆ," ಎಂದಳು ನಸೀಮಾ.

"ಇಲ್ಲದ ಹುಡುಗಿಯನ್ನು ಕರೆಯುದು ಹೇಗೆ ಮಾರಾಯ್ತಿ? ಬಾಯಿ ಏಳುದಿಲ್ಲ."

ಹಾಗಾಗಿ ನನ್ನ ಹೆಸರೇ ಆಯಿತು. ಅವರ ಮನೆಯಂಗಳದಲ್ಲಿ ನಸೀಮಾ ಮೈಕ್ ಹಿಡಿದು ನಿಂತಳು. ನಾನು ಕೆಳಗೆ ರಬ್ಬರ್ ಶೀಟು ಒಣಹಾಕುವ ಜಾಗದಲ್ಲಿ ನಿಂತು ಏನೇ ಆದರೂ ಓಗೊಡಬಾರದೆಂದು ಅಪ್ಪಣೆಯಾಯಿತು. ದೊಡ್ಡಮ್ಮ ಕರೆದರು. "ಸುಮಾ..." ಅವರ ಮಾಮೂಲಿ ರಾಗ. ನಾನು ಸುಮ್ಮನಿದ್ದೆ. ಎರಡನೇ ಸಲ ಕರೆಯುವಾಗ ರಾಗ ಅದೇ, ಆದರೆ ಒಳಗೆ ಎಲ್ಲೋ ಒಂದು ಕಳವಳ. ಆಗಲೂ ಸುಮ್ಮನಿದ್ದೆ. ಅಷ್ಟರಲ್ಲಿ ಅವರಿಗೆ ರೆಕಾರ್ಡಿಂಗು ಮರೆತೇ ಹೋಯಿತು. "ಸುಮಾ! ಕಿವಿ ಉಂಟಾ ಇಲ್ವಾ ನಿಂಗೆ? ಚಾ ತಣಿತಾ ಉಂಟು!"

ನಾನು ನಗುತ್ತ ಮೇಲೆ ಬಂದರೆ ನಸೀಮಾಳ ಕಣ್ಣು ಹೊಳೆಯುತ್ತಿತ್ತು. "ಇದೇ ಬೇಕಾದ್ದು," ಎಂದಳು.

"ಅಯ್ಯೋ, ಬೈದದ್ದನ್ನು ಅಳಿಸು ಮಗಾ. ಯಾರಾದ್ರೂ ಕೇಳಿದ್ರೆ ಎಂತ ಹೇಳಿಯಾರು," ಎಂದರು ದೊಡ್ಡಮ್ಮ.

"ಇಲ್ಲ ದೊಡ್ಡಮ್ಮ, ಅದೇ ಇರ್ಲಿ. ಕುಲೆ ಯಾವತ್ತಾದ್ರೂ ಬೈತದಾ? ಬೈದ್ರೆ ಮನುಷ್ಯರೇ."

ಆ ಮಾತು ನನ್ನ ಮನಸ್ಸಿನಲ್ಲಿ ಕೂತುಬಿಟ್ಟಿತು. ಚಾ ತಣಿಯುತ್ತದೆಂದು ನಮ್ಮ ಮೇಲೆ ಸಿಟ್ಟು ಮಾಡುವವರು ಒಬ್ಬರಿದ್ದಾರೆ ಎಂದರೆ ನಾವು ಮನೆ ಸೇರಿದ್ದೇವೆ ಎಂದೇ ಅರ್ಥ. ಇಡೀ ಗೇಮಿನಲ್ಲಿ ನಾವು ಹೇಳಬೇಕೆಂದಿದ್ದದ್ದು ಅದೊಂದನ್ನೇ.

ಗೇಮು ಮುಗಿಯಿತು. ಇಂಥ ಸಣ್ಣ ಗೇಮುಗಳನ್ನು ಮಾರುವ ಆನ್‌ಲೈನ್ ಅಂಗಡಿಯಲ್ಲಿ, ಹೋಟೆಲಿನ ಒಂದು ಊಟದ ಬೆಲೆಗೆ, ಫೋನಿಗೂ ಕಂಪ್ಯೂಟರಿಗೂ ಆಗುವ ಹಾಗೆ ಇಟ್ಟೆವು. ಒಂದೇ ಅಕ್ಷರದ ಹೆಸರಿಟ್ಟದ್ದು ಎಂಥ ಪೆದ್ದುತನ ಎಂದು ಆಮೇಲೆ ಗೊತ್ತಾಯಿತು. ಹುಡುಕಿದರೆ ಲೋಕದಲ್ಲಿರುವುದೆಲ್ಲ ಸಿಗುತ್ತಿತ್ತು, ನಮ್ಮ ಗೇಮೊಂದು ಬಿಟ್ಟು. ನಾವು ಮಾಳಿಗೆಯಲ್ಲಿ ಕೂತು ಮಳೆ ನೋಡಿದೆವು. ಕೊಂಡವರು ಹೆಚ್ಚಾಗಿ ನಮ್ಮ ಕ್ಲಾಸ್‌ಮೇಟುಗಳು, ಅದೂ ದಾಕ್ಷಿಣ್ಯಕ್ಕೆ.

ಆಮೇಲೆ ಯಾರೋ ಪುಣ್ಯಾತ್ಮರು ಅದನ್ನು ಕ್ರ್ಯಾಕ್ ಮಾಡಿದರು. ಯಾವ ದೇಶದವರೋ ಗೊತ್ತಿಲ್ಲ. ಅವರು ಹೆಸರಿನ ಮುಂದೆ ಒಂದಿಷ್ಟು ಬಾಲ ಸೇರಿಸಿ ಕದ್ದ ಗೇಮುಗಳ ತಾಣಕ್ಕೆ ಹಾಕಿದ್ದರು, ಅದರಿಂದಾಗಿ ಹುಡುಕಿದರೆ ಸಿಗುವಂತೆಯೂ ಆಗಿತ್ತು. ಹೊರದೇಶದ ಒಬ್ಬ ಹುಡುಗ ಅದನ್ನು ಆಡುತ್ತಿರುವ ವಿಡಿಯೋ ನಸೀಮಾಳ ಕಣ್ಣಿಗೆ ಬಿತ್ತು. ಇಬ್ಬರೂ ಒಂದೇ ಸ್ಟೂಲಿನಲ್ಲಿ ಕೂತು ನೋಡಿದೆವು. ಅವನು ಮಂಜಿನಲ್ಲಿ ನಿಂತಿದ್ದಾನೆ. ದೊಡ್ಡಮ್ಮ ಕರೆದರು. ಮತ್ತೊಮ್ಮೆ ಕರೆದರು. ಮೂರನೆಯದಕ್ಕೆ ಅವನು ಕಾಯುತ್ತಾನೆ, ಕಾಯುತ್ತಲೇ ಇದ್ದಾನೆ. ಏನೂ ಬರುವುದಿಲ್ಲ. ಮಂಜು, ಮಳೆಯ ಶಬ್ದ, ಅಷ್ಟೆ. ಅವನ ಮುಖ ಬಿಳುಚಿಕೊಳ್ಳುತ್ತ ಹೋಯಿತು, ಕೊನೆಗೆ ತಾನೇ ಗೇಮನ್ನು ಮುಚ್ಚಿಬಿಟ್ಟ. ಇಷ್ಟು ಹೆದರಿದ್ದು ಇದೇ ಮೊದಲು ಎಂದು ಆಮೇಲೆ ಹೇಳಿದ. ಕೆಳಗೆ ಜನ ಹೊಗಳಿದ್ದೇ ಹೊಗಳಿದ್ದು.

"ಮೂರನೇದು ಎಲ್ಲಿ ಹೋಯ್ತು?" ಎಂದೆ.

ನಸೀಮಾ ಹಣೆ ಬಡಿದುಕೊಂಡಳು. ದುಡ್ಡು ಕೊಟ್ಟು ಕೊಂಡವರೋ ಅಲ್ಲವೋ ಎಂದು ಗೇಮು ಪರೀಕ್ಷೆ ಮಾಡುವ ಜಾಗವನ್ನು ಅವಳು ಸರಿಯಾಗಿ ಮೂರನೇ ಕರೆಯ ಮೊದಲು ಇಟ್ಟಿದ್ದಳು. ಅಷ್ಟು ಹೊತ್ತಿಗೆ ಆಡುವವರು ಮುಳುಗಿ ಹೋಗಿರುತ್ತಾರೆ, ಆಗ ಬೀಗ ಹಾಕಿದರೆ ಕೊಂಡೇ ಕೊಳ್ಳುತ್ತಾರೆ ಎಂಬುದು ಅವಳ ಉಪಾಯ. ಕಳ್ಳ ಬೀಗ ಒಡೆಯುವ ರಗಳೆಗೆ ಹೋಗದೆ ಆ ಭಾಗವನ್ನೇ ಕಿತ್ತು ಹಾಕಿದ್ದ. ಬೀಗದ ಜೊತೆ ಬಾಗಿಲೂ ಹೋಗಿತ್ತು, ಬೈಗುಳವೂ ಹೋಗಿತ್ತು.

ನಾನು ಹೊಟ್ಟೆಕಿಚ್ಚಿನಲ್ಲಿ ಬೆಂದೆ, ಅದನ್ನು ಮುಚ್ಚಿಡುವುದೇಕೆ. ಹೆದರಿಸುವ ವಿಷಯದಲ್ಲಿ ಕದ್ದ ಗೇಮು ನಮ್ಮದಕ್ಕಿಂತ ಒಂದು ತೂಕ ಹೆಚ್ಚೇ ಇತ್ತು. ನಸೀಮಾಳಿಗೂ ಅದು ಗೊತ್ತಿತ್ತು. "ನಾವೂ ಹಾಗೇ ಮಾಡುವನಾ? ಎಲ್ಲರಿಗೂ ಅದೇ ಬೇಕು ಕಾಣ್ತದೆ," ಎಂದಳು ಒಂದು ದಿನ. ನಾನು ಬೇಡ ಎನ್ನಲಿಲ್ಲ. ನೋಡುವ ಎಂದೆವು. ಆನ್‌ಲೈನ್ ಅಂಗಡಿಯಲ್ಲಿ ನಮ್ಮ ಅಸಲಿ ಗೇಮೂ ನಾಲ್ಕು ಜನರಿಗೆ ಕಾಣಿಸತೊಡಗಿತ್ತು, ಒಂದೊಂದಾಗಿ ಖರ್ಚಾಗುತ್ತಿತ್ತು. ಕದ್ದ ಪ್ರತಿಗಳು ಹೆಸರು ತಂದುಕೊಟ್ಟಿದ್ದವು. ಮಾಮ ಕೂಡ ಮೇಲೆ ಬಂದು, "ಎಂತ, ನಿಮ್ಮ ಭೂತ ಫಾರಿನ್‌ಗೆ ಹೋಯ್ತಂತೆ?" ಎಂದು ಕೇಳಿ ಇಬ್ಬರಿಗೂ ಗೋಳಿಬಜೆ ತರಿಸಿದರು.

ಫಾರಿನ್‌ಗೆ ಹೋದ ಭೂತ ಕಡಬಕ್ಕೂ ಬಂತು. ಫೋನಿಗೆ ಗೇಮು ಹಾಕಿಕೊಡುವ ಪೇಟೆಯ ಮೊಬೈಲ್ ಅಂಗಡಿಯಿಂದ ಹೈಸ್ಕೂಲು ಮಕ್ಕಳ ಕೈಗೆ, ಅವರಿಂದ ತಮ್ಮ ತಂಗಿಯರಿಗೆ. ಕೊಂಡವರು ಒಬ್ಬರೂ ಇಲ್ಲ, ಆಡದವರೂ ಒಬ್ಬರಿಲ್ಲ. ಊರಿನವರು ನಮ್ಮ ಗೇಮು ಆಡುತ್ತಿದ್ದಾರೆಂದು ಉಬ್ಬಿಹೋದೆವು. ಅದರಿಂದ ಏನಾದೀತು ಎಂದು ನಮಗೆ ಹೊಳೆಯಲೇ ಇಲ್ಲ.

ಆಟಿಯ ಒಂದು ಮಧ್ಯಾಹ್ನ ದೊಡ್ಡಮ್ಮ ಮಾಳಿಗೆಯ ಮೆಟ್ಟಿಲು ಹತ್ತಿ ಬಂದರು. ಸೀರೆಯ ಅಂಚೆಲ್ಲ ಒದ್ದೆ. ಕೊಡೆಯನ್ನು ಮಡಚಿ ಮೂಲೆಯಲ್ಲಿಟ್ಟು, ನಾವು ಕೊಟ್ಟ ಸ್ಟೂಲಿನಲ್ಲಿ ಕೂರದೆ, ಟರ್ಪಾಲಿನ ಸುರುಳಿಗೆ ಒರಗಿ ನಿಂತರು.

"ನನ್ನ ಮೂರನೇದು ಎಲ್ಲಿ?" ಎಂದರು.

ಸಂಗತಿ ನಿಧಾನಕ್ಕೆ ಹೊರಗೆ ಬಂತು. ಕೆಲವು ದಿನಗಳಿಂದ ಮಕ್ಕಳು ಅವರ ಕರೆಗೆ ಇಳಿದು ಬರುತ್ತಿಲ್ಲ. ಹೆಸರು ಯಾರದ್ದಾದರೇನು, ರಾಗ ಫೋನಿನಲ್ಲಿ ಕೇಳಿದ್ದೇ. ಆದ್ಯ ಎಂಬ ಪುಟ್ಟ ಹುಡುಗಿ, ಮೊದಲು ಎಲ್ಲರಿಗಿಂತ ಮುಂಚೆ ಓಡಿ ಬಂದು ಅವರ ಸೆರಗು ಹಿಡಿಯುತ್ತಿದ್ದವಳು, ಈಗ ಕರೆ ಕೇಳಿದ ಕೂಡಲೇ ಮಂಚದಡಿಗೆ ಹೋಗುತ್ತಾಳೆ. ದೊಡ್ಡ ಮಕ್ಕಳು ಅವರನ್ನು ದಾರಿಯಲ್ಲಿ ಕಂಡರೆ, "ಕುಲೆ ಅಕ್ಕ ಬಂತು" ಎಂದು ಪಿಸುಗುಟ್ಟುತ್ತವೆ. ಅಂಗನವಾಡಿಯಲ್ಲಿ ಚಾಪೆಗಳು ಖಾಲಿ. ಹೀಗೇ ಆದರೆ ಬೇರೆಯವರನ್ನು ನೋಡಬೇಕಾಗುತ್ತದೆ ಎಂದು ಮೇಲಿನವರು ಸೂಚನೆ ಕೊಟ್ಟಾಗಿದೆ. ಒಬ್ಬ ತಾಯಿಯೇ ಫೋನು ತಂದು ಅವರಿಗೆ ಗೇಮನ್ನು ಕೇಳಿಸಿದ್ದರು.

"ಎರಡು ಸಲ ಕರೆದು ನಿಲ್ಲಿಸಿದ್ದೀರಿ ನನ್ನನ್ನು. ಎರಡಕ್ಕೆ ನಿಲ್ಲಿಸುದು ಯಾರು, ಹೇಳಿ? ಜೀವ ಇರುವಾಗಲೇ ನನ್ನನ್ನು ಆಚೆಗೆ ಕಳಿಸಿ ಬಿಟ್ರಲ್ಲ ಮಕ್ಕಳೇ."

"ನಾವು ತೆಗೆದದ್ದಲ್ಲ ದೊಡ್ಡಮ್ಮ. ಕದ್ದವರು ತೆಗೆದದ್ದು," ಎಂದಳು ನಸೀಮಾ.

"ಹಾಗಾದ್ರೆ ಕದ್ದವರಿಗೆ ಹೇಳಿ ಹಾಕಿಸಿ."

"ಅವರು ಯಾರು ಅಂತ ಗೊತ್ತಿಲ್ಲ."

"ಒಳ್ಳೆ ಕತೆ," ಎಂದರು ದೊಡ್ಡಮ್ಮ. ಬೈಯುತ್ತಾರೆ ಎಂದುಕೊಂಡೆ. ಬೈಯಲಿಲ್ಲ. ಕೊಡೆ ತೆಗೆದುಕೊಂಡು ಇಳಿದು ಹೋದರು. ಬೈಯದೆ ಹೋದದ್ದೇ ನನ್ನನ್ನು ಹೆದರಿಸಿತು. ಅಂದಿನಿಂದ ಅವರು ಕರೆಯುವುದನ್ನೇ ಬಿಟ್ಟರು. ಮನೆ ಮನೆಯ ಮೆಟ್ಟಿಲು ಹತ್ತಿ, ಬಾಗಿಲು ತಟ್ಟಿ, ಮಕ್ಕಳನ್ನು ಕೈ ಹಿಡಿದು ಇಳಿಸಿಕೊಂಡು ಬರುತ್ತಿದ್ದಾರೆಂದು ಅಮ್ಮ ಹೇಳಿದಳು. ಆ ಮಳೆಯಲ್ಲಿ, ಆ ಪಾಚಿಗಟ್ಟಿದ ಮೆಟ್ಟಿಲುಗಳಲ್ಲಿ, ಮೊಣಕಾಲು ನೋವಿನವರು.

ಅಸಲಿ ಗೇಮಿನಲ್ಲಿ ಅವರು ಜೀವಂತವಾಗಿಯೇ ಇದ್ದರು. ಆದರೆ ಅಸಲಿ ಗೇಮು ಕಡಬದಲ್ಲಿ ಯಾರ ಹತ್ತಿರವೂ ಇರಲಿಲ್ಲ.

"ನಾವೇ ಕದಿಯುವ," ಎಂದೆ.

ನಸೀಮಾಳಿಗೆ ಮೊದಲು ಅರ್ಥವಾಗಲಿಲ್ಲ. ಅರ್ಥವಾದ ಮೇಲೆ ಮುಖ ತಿರುಗಿಸಿದಳು. ಬೀಗವಿಲ್ಲದ ಪೂರ್ತಿ ಗೇಮನ್ನು ನಾವೇ ಹೊರಗೆ ಬಿಟ್ಟರೆ ಅಂಗಡಿಯದ್ದನ್ನು ಯಾರೂ ಕೊಳ್ಳುವುದಿಲ್ಲ. ಈಗಷ್ಟೇ ಒಂದೊಂದಾಗಿ ಹೋಗುತ್ತಿದ್ದದ್ದೂ ನಿಲ್ಲುತ್ತದೆ. ಆ ಗೇಮು ಎದ್ದು ನಿಂತರೆ ಹಾರ್ಡ್‌ವೇರ್ ಅಂಗಡಿಯ ಬಿಲ್ಲು ಬರೆಯುವುದನ್ನು ಬಿಡಬಹುದು ಎಂದು ಅವಳು ಕನಸು ಕಟ್ಟಿಕೊಂಡಿದ್ದಳು. ಎದ್ದು ಕೆಳಗೆ ಹೋಗಿ ಆ ಮಧ್ಯಾಹ್ನವಿಡೀ ಬಿಲ್ಲು ಬರೆದಳು. ಚಾ ಹೊತ್ತಿಗೆ ಮೇಲೆ ಬಂದು ಕೀಬೋರ್ಡು ಹತ್ತಿರಕ್ಕೆ ಎಳೆದುಕೊಂಡು, "ನಾನು ಬೀಗ ಹಾಕಿದ್ದು ಗೇಮಿಗೆ ಅಂತ ಗ್ರಹಿಸಿದ್ದೆ. ಹಾಕಿದ್ದು ದೊಡ್ಡಮ್ಮನ ಬಾಯಿಗೆ," ಎಂದಳು. ಮತ್ತೆ ಬೀಗದ ಕೋಡನ್ನು ಒಂದೊಂದೇ ಸಾಲಾಗಿ ಅಳಿಸತೊಡಗಿದಳು.

ಹೆಸರಿಡುವಾಗ ಜಗಳವಾಯಿತು. ಇಂಗ್ಲಿಷಿನಲ್ಲಿ ಫೈನಲ್, ಫುಲ್, ಕ್ರ್ಯಾಕ್ಡ್, ನೋ ವೈರಸ್ ಎಂದೆಲ್ಲ ಸೇರಿಸಿದೆವು. ಸ್ಪೆಲ್ಲಿಂಗು ತಪ್ಪಿಸಿ ಬರೆ, ಇಲ್ಲದಿದ್ದರೆ ಯಾರೂ ನಂಬುವುದಿಲ್ಲ ಎಂದೆ. ನಸೀಮಾ ಎಲ್ಲವನ್ನೂ ಸಹಿಸಬಲ್ಲವಳು, ಅದೊಂದನ್ನು ಬಿಟ್ಟು. ಕೊನೆಗೆ ಕಣ್ಣು ಮುಚ್ಚಿ ಒಂದು ಅಕ್ಷರ ತಪ್ಪಿಸಿದಳು. ಕಳ್ಳರ ಕ್ರಮದಂತೆ ಒಂದು ಚೀಟಿಯನ್ನೂ ಸೇರಿಸಿದಳು: 'ಹಳೆಯದರಲ್ಲಿ ಮೂರನೇ ಕರೆ ಇಲ್ಲ. ಇದರಲ್ಲಿ ಉಂಟು. ಕಾಯಿರಿ.'

ಮೊಬೈಲ್ ಅಂಗಡಿಯ ಪ್ರವೀಣಣ್ಣ ಪೆನ್‌ಡ್ರೈವನ್ನು ಸಂಶಯದಿಂದಲೇ ತೆಗೆದುಕೊಂಡರು. "ಇದು ನನ್ನ ಹತ್ರ ಉಂಟಲ್ಲ."

"ನಿಮ್ಮದು ಅರ್ಧಂಬರ್ಧ ಕ್ರ್ಯಾಕ್ ಅಣ್ಣ. ಇದು ಪೂರ್ತಿ," ಎಂದೆ.

"ಯಾರು ಮಾಡಿದ್ದು?"

ನಸೀಮಾ ಅಂಗಡಿಯ ಬೋರ್ಡಿನ ಕಡೆ ನೋಡುತ್ತ, "ಯಾರೋ ಲೋಕಲ್‌ನವರಂತೆ. ಭಾರೀ ಹುಷಾರಂತೆ," ಎಂದಳು. ಹೊರಗೆ ಬಂದ ಮೇಲೆ ಇಬ್ಬರೂ ಕೊಡೆಯಡಿ ನಿಂತು ಕಣ್ಣೀರು ಬರುವಷ್ಟು ನಕ್ಕೆವು. ಅವಳ ಕಣ್ಣೀರು ಮಾತ್ರ ನಗು ನಿಂತ ಮೇಲೂ ನಿಲ್ಲಲಿಲ್ಲ.

ಹೊಸದು ಹಳೆಯದಕ್ಕಿಂತ ಬೇಗ ಹಬ್ಬಿತು. ಮಕ್ಕಳಿಗೆ ಬೈಗುಳ ಬಾಯಿಪಾಠವಾಯಿತು. ನಾನು ಪಾಠ ಮಾಡುತ್ತಿದ್ದ ಸೆಂಟರಿನಲ್ಲೂ ಒಬ್ಬರನ್ನೊಬ್ಬರು, "ಕಿವಿ ಉಂಟಾ ಇಲ್ವಾ ನಿಂಗೆ?" ಎಂದು ಕೇಳುವುದು ಶುರುವಾದಾಗ, ಕೋಡಿಂಬಾಳಕ್ಕೆ ಹೋಗಿ ದೊಡ್ಡಮ್ಮನಿಗೆ ಇನ್ನೊಮ್ಮೆ ಕರೆದು ನೋಡಿ ಎಂದೆ. ಒಪ್ಪಲಿಲ್ಲ. ನಾನೂ ಜೊತೆಗೆ ಬರುತ್ತೇನೆ ಎಂದ ಮೇಲೆ ಕೊಡೆ ಕೈಗೆ ತೆಗೆದುಕೊಂಡರು.

ಆದ್ಯಳ ಮನೆಯ ಕೆಳಗೆ ರಸ್ತೆಯಲ್ಲಿ ನಿಂತೆವು. ಮಳೆ ಸಣ್ಣಗೆ ಹನಿಯುತ್ತಿತ್ತು. ದೊಡ್ಡಮ್ಮ ಕರೆದರು. ಅವರ ಸ್ವರ ನಡುಗಿದ್ದನ್ನು ನಾನು ಮೊದಲ ಬಾರಿ ಕೇಳಿದೆ. ಮೇಲೆ ಕಿಟಕಿಯಲ್ಲಿ ಒಂದು ಪುಟ್ಟ ತಲೆ ಕಂಡು ಮರೆಯಾಯಿತು. ಎರಡನೇ ಸಲ ಕರೆದರು. ಯಾರೂ ಇಲ್ಲ. ದೊಡ್ಡಮ್ಮ ನನ್ನ ಮುಖ ನೋಡಿದರು. ನಾನು ಅವರ ತೋಳು ಹಿಡಿದುಕೊಂಡೆ. ಈಗಲೂ ಬರದಿದ್ದರೆ ಇವರು ಇನ್ನು ಯಾರನ್ನೂ ಕರೆಯುವುದಿಲ್ಲ ಎಂದು ನನಗೆ ಖಾತ್ರಿಯಿತ್ತು.

"ಆದ್ಯಾ! ಕಿವಿ ಉಂಟಾ ಇಲ್ವಾ ನಿಂಗೆ? ಉಪ್ಪಿಟ್ಟು ತಣಿತಾ ಉಂಟು!"

"ಓ!" ಎಂದಿತು ದಿಬ್ಬ. ಬಾಗಿಲು ತೆರೆದು, ಒಂದು ಕಾಲಿಗೆ ಮಾತ್ರ ಚಪ್ಪಲಿ ಹಾಕಿಕೊಂಡು, ಅವಳು ಇಳಿದು ಬಂದಳು. ಸೆರಗು ಹಿಡಿಯುವ ಮೊದಲು ದೊಡ್ಡಮ್ಮನ ಕೈಯನ್ನು ಒಂದು ಬೆರಳಿನಿಂದ ಮುಟ್ಟಿ ನೋಡಿದಳು. ಬಿಸಿ ಇತ್ತೇನೋ, ನಕ್ಕಳು. ದೊಡ್ಡಮ್ಮ ಕೊಡೆಯನ್ನು ನನ್ನ ಕೈಗೆ ಕೊಟ್ಟು ರಸ್ತೆಯಲ್ಲೇ ಕುಕ್ಕರಗಾಲಲ್ಲಿ ಕೂತು ಅವಳನ್ನು ತಬ್ಬಿಕೊಂಡರು.

ಆನ್‌ಲೈನ್ ಅಂಗಡಿಯ ಮಾರಾಟ ನಾವು ಎಣಿಸಿದಂತೆಯೇ ನಿಂತಿತು. ಹೊರದೇಶದವರು ಹೊಸ ಪ್ರತಿಯನ್ನು ಬೈದರು. ಕೊನೆಯಲ್ಲಿ ಯಾರೋ ಹೆಂಗಸು ಕೂಗಾಡಿ ಭಯವನ್ನೆಲ್ಲ ಹಾಳು ಮಾಡುತ್ತಾಳೆ, ಹಳೆಯದೇ ಹುಡುಕಿ ಆಡಿ ಎಂದು ಒಬ್ಬರಿಗೊಬ್ಬರು ಸಲಹೆ ಕೊಟ್ಟುಕೊಂಡರು. ಅವರ ಲೆಕ್ಕದಲ್ಲಿ ಅದು ಸರಿಯೇ. ಲೋಕದಲ್ಲಿ ಎಲ್ಲೆಲ್ಲೋ ನನ್ನ ದೊಡ್ಡಮ್ಮ ಇನ್ನೂ ಎರಡೇ ಸಲ ಕರೆಯುತ್ತಿದ್ದಾರೆ ಎಂದು ನೆನೆದರೆ ನನಗೆ ಈಗಲೂ ಸಂಕಟವಾಗುತ್ತದೆ. ನಸೀಮಾ ಬಿಲ್ಲು ಬರೆಯುತ್ತಾಳೆ, ಮಧ್ಯಾಹ್ನ ಮೇಲೆ ಕೂತು ಗೇಮು ಮಾಡುತ್ತಾಳೆ. ಬೀಗ ಹಾಕುವುದನ್ನು ಬಿಟ್ಟಿದ್ದಾಳೆ. ಮನಸ್ಸಿದ್ದವರು ದುಡ್ಡು ಕೊಡುತ್ತಾರೆ, ಕೆಲವರಿಗೆ ಮನಸ್ಸಿದೆ.

ದೊಡ್ಡಮ್ಮನ ಒಂದು ಕರೆ ಸಾಕಾಗುತ್ತಿದ್ದ ಕಾಲ ಮಾತ್ರ ಮತ್ತೆ ಬರಲಿಲ್ಲ. ಮಕ್ಕಳು ಕಾಯುತ್ತಿದ್ದವೆಂದಲ್ಲ, ಅವು ಮರುವರ್ಷವೇ ಎಲ್ಲ ಮರೆತವು. ಅವರಿಗೇ ಮರೆಯಲಿಕ್ಕಾಗಲಿಲ್ಲ. ಕೆಲಸದಲ್ಲಿದ್ದಷ್ಟು ಕಾಲ, ಮಗು ಓಡಿ ಬಂದು ಎದುರಿಗೆ ನಿಂತಿದ್ದರೂ, ಬಾಕಿ ಕರೆಗಳನ್ನು ಕರೆದೇ ಮುಂದೆ ಹೋಗುತ್ತಿದ್ದರಂತೆ.

ಈಗ ಪ್ರಾಯವಾಗಿ ಆ ಕೆಲಸದಿಂದ ಬಿಡುಗಡೆಯಾಗಿದೆ, ಮನೆಯಲ್ಲಿದ್ದಾರೆ. ಮೊನ್ನೆ ಟರ್ಪಾಲು ಹೊತ್ತುಕೊಂಡು ಹೋದೆ. ಕೊಟ್ಟಿಗೆಗೆ ಹೊದೆಸಿ, ಹಗ್ಗ ಬಿಗಿದು, ತುದಿಗೆ ಕಲ್ಲು ಹೇರುತ್ತಿರುವಾಗ ಅಡುಗೆಮನೆಯಿಂದ ಕರೆ ಬಂತು. "ಸುಮಾ..." ಕೊನೆಯ ಅಕ್ಷರ ಅದೇ ಹಾಗೆ ಮೇಲೆ ಹೋಗಿ ನಿಂತಿತು.

"ಓ," ಎಂದೆ ಮೊದಲನೇ ಸಲಕ್ಕೇ. ಕೈ ತೊಳೆದು ಒಳಗೆ ಹೋದೆ. ಚಾ ಲೋಟವನ್ನು ಕೈಗೆ ಕೊಟ್ಟು ಅವರು ಎದುರಿನ ಮಣೆಯಲ್ಲಿ ಕೂತರು.

"ಒಂದಕ್ಕೇ ಓ ಹೇಳಿದ್ಯಲ್ಲ. ಬೇರೆ ಯಾರಾದ್ರೂ ಆಗಿದ್ರೆ?"

"ನಿಮ್ಮ ಸ್ವರ ನಂಗೆ ಗೊತ್ತಿಲ್ವಾ ದೊಡ್ಡಮ್ಮ?"

ಅವರು ನನ್ನ ಮುಖವನ್ನೇ ನೋಡುತ್ತ, ದೂರದಲ್ಲಿರುವವರನ್ನು ಕರೆಯುವ ಹಾಗೆ, ಮೆಲ್ಲಗೆ ಇನ್ನೊಮ್ಮೆ ಕರೆದರು. ಆಮೇಲೆ ಹುಬ್ಬು ಗಂಟಿಕ್ಕಿ ಸ್ವರ ಏರಿಸಿದರು. "ಸುಮಾ! ಕಿವಿ ಉಂಟಾ ಇಲ್ವಾ ನಿಂಗೆ? ಚಾ ತಣಿತಾ ಉಂಟು!"

ಲೋಟ ಕೈ ಸುಡುತ್ತಿತ್ತು. "ಓ," ಎಂದೆ.